ಕಣ್ಣೀರಿಲ್ಲದ ಕೊನೆಯ ಆಟ

ನಮ್ಮ ಎಶುನ್ ಬಾಯಿ ತೆರೆದ ಮೇಲೆ ಒಣಗಣ್ಣಲ್ಲಿ ಹೊರಗೆ ಬಂದ ಪ್ರಾಣಿ ಜಪಾನಿನ ಈ ಇಡೀ ಇಯೊ ಸೀಮೆಯಲ್ಲೇ ಇಲ್ಲ. ಇದನ್ನು ನಾನು ಯಾರ ಮುಂದೆ ಬೇಕಾದರೂ ಎದೆ ತಟ್ಟಿ ಹೇಳುತ್ತೇನೆ. ಹೇಳುವ ಹಕ್ಕೂ ನನಗಿದೆ. ಮಿನೊಸೆ ಪಟ್ಟಣದ ಕಮೆ-ಜಾ ಚಿತ್ರಮಂದಿರದ ಬಾಗಿಲಲ್ಲಿ ಕೂತು, ಬಂದವರ ಮರದ ಮೆಟ್ಟುಗಳನ್ನು ಇಸಿದುಕೊಂಡು ಬಿಲ್ಲೆ ಕೊಡುತ್ತಿದ್ದವನು, ಆಟ ಮುಗಿದ ಮೇಲೆ ಬಿಲ್ಲೆ ಇಸಿದುಕೊಂಡು ಮೆಟ್ಟು ಕೊಡುತ್ತಿದ್ದವನು ಈ ಗೊಹೆಯೇ. ಒಳಗೆ ಹೋಗುವಾಗಿನ ಮುಖವನ್ನೂ ಹೊರಗೆ ಬರುವಾಗಿನ ಮುಖವನ್ನೂ ನನ್ನಷ್ಟು ಹತ್ತಿರದಿಂದ ಕಂಡವರು ಯಾರಿದ್ದಾರೆ?

ಆಟ ಮುಗಿದ ಮೇಲೆ ಕೂರುವ ಚಾಪೆಗಳನ್ನೆಲ್ಲ ಹಿತ್ತಲಲ್ಲಿ ಬಿಸಿಲಿಗೆ ಹರವಬೇಕಾಗುತ್ತಿತ್ತು. ಒಂದು ಸಲ ವಾರವಿಡೀ ಮೋಡ ಕವಿದು ಚಾಪೆ ಒಣಗದೆ ಅದರ ಮೇಲೆ ಅಣಬೆ ಎದ್ದವು. ಮಾಲೀಕರ ಹೆಂಡತಿ ಅವನ್ನೇ ಕಿತ್ತು ಸಾರು ಮಾಡಿದಳು, ಕುಡಿದವರೂ ಅತ್ತರು. ಕಥೆಗಾರ ಸರ್ಕಾರದ ವಿರುದ್ಧ ಏನಾದರೂ ಅಂದಾನೆಂದು ನೋಡಿಕೊಳ್ಳಲು ಹಿಂದುಗಡೆ ಎತ್ತರದ ಪೀಠದಲ್ಲಿ ಒಬ್ಬ ಪೊಲೀಸಿನವನು ಕೂರುತ್ತಿದ್ದನಲ್ಲ, ಅವನ ಮೀಸೆ ಬರುವಾಗ ಮೇಲಕ್ಕೆ ತಿರುಗಿರುತ್ತಿತ್ತು, ಹೋಗುವಾಗ ಗಲ್ಲಕ್ಕೆ ಅಂಟಿಕೊಂಡಿರುತ್ತಿತ್ತು. ನಾನು ಹೆಚ್ಚು ಹೇಳುವುದಿಲ್ಲ. ಉಪ್ಪಿನ ವ್ಯಾಪಾರಿ ಮಾತ್ರ ಒಂದು ದಿನ ಬಂದು, ಈ ಚಾಪೆಗಳನ್ನು ಹಿಂಡುವ ಗುತ್ತಿಗೆ ತನಗೆ ಕೊಡಿ ಎಂದು ಕೇಳಿದ್ದು ನಿಜ.

ಈಗಿನ ಹುಡುಗರಿಗೆ ಇದು ಅರ್ಥವಾಗುವುದಿಲ್ಲ. ಅವರ ಸಿನಿಮಾಕ್ಕೆ ನಾಲಿಗೆ ಇದೆ. ನಮ್ಮ ಕಾಲದ ಚಿತ್ರ ಮೂಕಿ. ತೆರೆಯ ಮೇಲೆ ಬಾಯಿ ಅಲುಗುತ್ತದೆ, ಮಾತಿಲ್ಲ. ಆ ಮಾತನ್ನು ಕೊಡುವವನು ತೆರೆಯ ಪಕ್ಕದಲ್ಲಿ ಪುಟ್ಟ ದೀಪದ ಬುಡದಲ್ಲಿ ನಿಂತ ಬೆನ್ಶಿ. ಗಂಡಿನ ದನಿ, ಹೆಣ್ಣಿನ ದನಿ, ಅತ್ತೆಯ ಕೆಮ್ಮು, ಮಗುವಿನ ಅಳು, ಎಲ್ಲವೂ ಅವನದೇ. ತೆರೆಯ ಮೇಲಿನವನು ಏನು ಅಂದನೆಂಬುದನ್ನು ನಿರ್ಧರಿಸುವವನೂ ಅವನೇ. ಜನ ಚಿತ್ರ ನೋಡಲು ಬರುತ್ತಿರಲಿಲ್ಲ, ಎಶುನ್‌ನನ್ನು ಕೇಳಲು ಬರುತ್ತಿದ್ದರು.

ಅವನಿಗೆ ಆ ದನಿ ಬಂದದ್ದು ಗುಡಿಯಿಂದ. ಹೊಳೆಯ ಮೇಲ್ದಂಡೆಯ ಬುದ್ಧನ ಗುಡಿಯ ಗುರುಗಳ ಹಿರಿಮಗ ಅವನು. ನಮ್ಮ ಪಂಥದ ಗುರುಗಳಿಗೆ ಹೆಂಡತಿ ಮಕ್ಕಳಿರುತ್ತಾರೆ. ಗುಡಿ ಹಿರಿಮಗನಿಗೆ ಹೋಗುತ್ತದೆ. ಹಾಗಾಗಿ ನಡೆಯಲು ಕಲಿತಾಗಿನಿಂದ ಅವನಿಗೆ ಸೂತ್ರ ಪಠಿಸುವುದನ್ನು ಕಲಿಸಿದ್ದರು. ನಾನೂ ಅವನೂ ಒಂದೇ ಕೇರಿಯವರು, ಒಂದೇ ಮರದ ಕಿತ್ತಳೆಹಣ್ಣು ಕದ್ದವರು. ಬೆಳಿಗ್ಗೆ ಬೆಳಿಗ್ಗೆ ಅವನು ಹೊಳೆಯ ಬಂಡೆಯ ಮೇಲೆ ಕೂತು ಗಂಟಲು ಹದ ಮಾಡುತ್ತಿದ್ದರೆ ನೀರಿನ ಮೀನುಗಳು ತಲೆ ಎತ್ತಿ, ಉಪದೇಶ ಮುಗಿಯುವವರೆಗೆ ಹುಳು ತಿನ್ನುವುದನ್ನು ಬಿಡುತ್ತಿದ್ದವು.

ಅದೇ ಹೊಳೆಯಲ್ಲಿ ಮಂಡಿಯುದ್ದ ನೀರಲ್ಲಿ ನಿಂತು ನೀಲಿ ಬಟ್ಟೆ ಜಾಲಿಸುತ್ತಿದ್ದವಳು ಇಸೊ. ಬಣ್ಣದ ಮನೆಯ ಜಿಂಬೆ ಯಜಮಾನರ ಒಬ್ಬಳೇ ಮಗಳು. ನೀಲಿ ಬಣ್ಣದ ಕಸುಬಿನವರನ್ನು ನೀವು ಕತ್ತಲಲ್ಲೂ ಗುರುತು ಹಿಡಿಯಬಹುದು. ಕೈ ಮೊಣಕೈವರೆಗೆ ನೀಲಿ, ಉಗುರು ಕಪ್ಪು. ಒಂದು ದಿನ ಎಶುನ್ ಉತ್ಸಾಹದಲ್ಲಿ ದನಿ ಏರಿಸಿದಾಗ ಅವಳು ಸೊಂಟಕ್ಕೆ ಕೈಯಿಟ್ಟು ಕೂಗಿದಳಂತೆ:

"ಸ್ವಲ್ಪ ಮೆಲ್ಲಗೆ ಹೇಳಿ ಮರಿಗುರುಗಳೇ! ನಮ್ಮಜ್ಜಿ ಸತ್ತು ಈಗಷ್ಟೇ ನೆಮ್ಮದಿಯಾಗಿ ಮಲಗಿದಾಳೆ, ಎದ್ದು ಬಂದ್ರೆ ಮತ್ತೆ ನಂಗೇ ಬೈತಾಳೆ!"

"ಎದ್ದು ಬಂದ್ರೆ ನನ್ನ ಹತ್ರ ಕಳ್ಸು. ವಾಪಸ್ ಮಲಗ್ಸೋ ಸೂತ್ರಾನೂ ಬರುತ್ತೆ ನಂಗೆ."

"ಅದು ಗೊತ್ತು. ಅದನ್ನ ಕೇಳಿ ಕೇಳಿ ದಿನಾ ನಮ್ಮಪ್ಪ ಗೊರಕೆ ಹೊಡೀತಾರೆ."

ಅಲ್ಲಿಂದ ಶುರು. ಮುಂದಿನದನ್ನು ನಾನು ವರ್ಣಿಸುವುದಿಲ್ಲ. ಗುಡಿಯ ಹುಡುಗನ ಅಂಗಿಯ ತೋಳಿನ ಮೇಲೆ ನೀಲಿ ಬೆರಳಿನ ಗುರುತು ಕಂಡ ದಿನ ಊರಿಗೆ ಎಲ್ಲ ಗೊತ್ತಾಯಿತು.

ಗೊತ್ತಾಗಿ ಏನು ಪ್ರಯೋಜನ? ಹಿರಿಮಗ ಮನೆ ಬಿಡುವಂತಿಲ್ಲ. ಒಬ್ಬಳೇ ಮಗಳು ಕೂಡ ಮನೆ ಬಿಡುವಂತಿಲ್ಲ. ಅವಳಿಗೆ ಮನೆಅಳಿಯನನ್ನು ತರಬೇಕು. ನಮ್ಮಲ್ಲಿ ಮನೆಅಳಿಯ ಅಂದರೆ ಮಾವನ ಮನೆಯ ಅನ್ನ ತಿಂದುಕೊಂಡು ಬಿದ್ದಿರುವವನಲ್ಲ. ಅವನು ಹುಟ್ಟಿದ ಮನೆಯ ಹೆಸರನ್ನು ಕಳಚಿಟ್ಟು ಈ ಮನೆಯ ಹೆಸರನ್ನು ಹೊತ್ತು, ಈ ಮನೆಯ ಮಗನೇ ಆಗಿ, ಪೂಜೆಯ ಗೂಡಿನಲ್ಲಿರುವ ತೀರಿಹೋದ ಹಿರಿಯರಿಗೆ ಧೂಪ ಹಾಕುವವನು. ನೀಲಿ ಬಣ್ಣದ ಬಾನಿಯೋ, ಅದಂತೂ ಎಳೆಗೂಸು. ಒಂದು ದಿನ ಕಲಕದಿದ್ದರೆ ಹುಳಿ ಹಿಡಿದು ಸಾಯುತ್ತದೆ. ಮದುವೆಯಿರಲಿ, ಸಾವಿರಲಿ, ಬಾನಿಗೆ ರಜೆಯಿಲ್ಲ. ಅವನು ಗುಡಿ ಬಿಡುವಂತಿಲ್ಲ, ಅವಳು ಬಾನಿ ಬಿಡುವಂತಿಲ್ಲ, ಇಬ್ಬರ ನಡುವೆ ಹೊಳೆ.

ಎಶುನ್ ಅಪ್ಪನ ಮುಂದೆ ಕೂತು ಕೇಳಿದ. ಗುಡಿಯನ್ನು ತಮ್ಮನಿಗೆ ಕೊಡಿ, ನನ್ನನ್ನು ಬಣ್ಣದ ಮನೆಗೆ ಕೊಡಿ ಎಂದ. ದೊಡ್ಡ ಗುರುಗಳು ಜಪಸರದ ಮಣಿ ಎಣಿಸುವುದನ್ನೂ ನಿಲ್ಲಿಸಲಿಲ್ಲವಂತೆ. "ಹಿರಿಮಗನ್ನ ಯಾರಾದ್ರೂ ಕೊಡ್ತಾರೇನೋ? ಮನೆಯ ಕಂಬ ಕಿತ್ತು ಪಕ್ಕದ ಮನೆಗೆ ಸಾಲ ಕೊಡೋದಾ?" ಅಂದರು. ಅಲ್ಲಿಗೆ ಮಾತು ಮುಗಿಯಿತು.

ಆಗ ಇವನ ತಲೆಗೆ ಒಂದು ಉಪಾಯ ಹೊಳೆಯಿತು. ಅಪ್ಪ ಕೊಡದಿದ್ದರೆ ಬೇಡ, ಅಪ್ಪನೇ ಹೊರಗೆ ಹಾಕಿದರೆ? ಆಗ ಹಿರಿಮಗನೆಂಬ ಹಗ್ಗ ತಾನಾಗಿ ಹರಿಯುತ್ತದಲ್ಲ? ಆ ವರ್ಷ ಪಟ್ಟಣಕ್ಕೆ ಮೊದಲ ಸಲ ಮೂಕಿ ಚಿತ್ರಗಳು ಬರಲು ಶುರುವಾಗಿದ್ದವು. ಎಶುನ್ ಕದ್ದು ಹೋಗಿ ಬೆನ್ಶಿಯ ವರಸೆಯನ್ನೆಲ್ಲ ನೋಡಿಕೊಂಡು ಬಂದ. ಪಂಥದ ಸಂಸ್ಥಾಪಕರ ಪುಣ್ಯತಿಥಿಯ ದಿನ, ಇಡೀ ಸೀಮೆಯ ಭಕ್ತರು ಗುಡಿಯಲ್ಲಿ ತುಂಬಿರುವಾಗ, ಸೂತ್ರವನ್ನು ಸಿನಿಮಾ ಧಾಟಿಯಲ್ಲಿ ಹೇಳಿದ. ಬುದ್ಧನಿಗೆ ನಾಯಕನ ದನಿ, ಮಾರನಿಗೆ ಖಳನ ದನಿ, ನಡುನಡುವೆ ಬಾಯಲ್ಲೇ ಮೂರು ತಂತಿಯ ವಾದ್ಯದ ಟೆಣ್ ಟೆಣ್. ಮುದುಕಿಯರು ಹಿಂದೆಂದೂ ಕಾಣದಷ್ಟು ಅತ್ತರು. ಒಬ್ಬಳಿಗೆ ಅಲ್ಲೇ ಮೋಕ್ಷವೂ ಸಿಗುವುದರಲ್ಲಿತ್ತು, ಬಲವಂತವಾಗಿ ಹಿಡಿದು ಕೂರಿಸಿದರು. ದೊಡ್ಡ ಗುರುಗಳು ಅತ್ತಿರಲಿಲ್ಲ. ಅಂದೇ ಅವನನ್ನು ಬಾಗಿಲಿಂದಾಚೆ ಹಾಕಿ, ಮನೆತನದಿಂದ ಹೆಸರು ಹೊಡೆಸಿ, ತಮ್ಮನನ್ನು ಉತ್ತರಾಧಿಕಾರಿ ಮಾಡಿದರು. ಮಗ ಸಿನಿಮಾ ಹುಚ್ಚು ಹಿಡಿದು ಕೆಟ್ಟ ಎಂದು ಊರೆಲ್ಲ ಆಡಿಕೊಂಡಿತು.

ಎಶುನ್ ಹೊಸಲು ದಾಟಿದವನೇ ಸೀದಾ ಸೇತುವೆ ದಾಟಿ ಬಣ್ಣದ ಮನೆಗೆ ಹೋದ. ಜಿಂಬೆ ಯಜಮಾನರು ಬಾನಿ ಕಲಕುತ್ತಿದ್ದರು.

"ನೀನು ಈಗ ಯಾರ ಮಗ?" ಅಂದರು, ಕೋಲು ನಿಲ್ಲಿಸದೆ.

"ಯಾರ ಮಗನೂ ಅಲ್ಲ ಯಜಮಾನರೇ. ಅದಕ್ಕೇ ಬಂದೆ. ಈಗ ನಂಗೆ ಯಾವ ಅಡ್ಡೀನೂ ಇಲ್ಲ. ನಿಮ್ಮ ಮನೆಗೆ ಬರ್ತೀನಿ."

ಯಜಮಾನರು ಕೋಲು ಬಿಟ್ಟು ಅವನನ್ನೇ ನೋಡಿದರಂತೆ. "ಅಯ್ಯೋ ಮಂಕೇ! ಎಂಥ ಕೆಲಸ ಮಾಡ್ಕೊಂಡೆ? ಮನೆಅಳಿಯ ಅಂದ್ಮೇಲೆ ತಗೊಳ್ಳೋರು ಇದ್ದ ಹಾಗೆ ಕೊಡೋರೂ ಇರ್ಬೇಕು. ನಿನ್ನ ಕೊಡೋರು ಈಗ ಯಾರು? ಕೊಟ್ಟಿದ್ರೆ ಎರಡೂ ಕೈ ಚಾಚಿ ತಗೋತಿದ್ದೆ. ಬೀದಿಗೆ ಬಿಸಾಕಿದ್ದನ್ನ ಎತ್ಕೊಂಡು ಬಂದು ಇವನೇ ನಮ್ಮನೆ ಯಜಮಾನ ಅಂತ ಗೂಡಲ್ಲಿರೋ ಹಿರಿಯರ ಮುಂದೆ ಹೇಗೋ ಕೂರಿಸ್ಲಿ?"

"ಹಾಗಾದ್ರೆ ಅಪ್ಪನ ಕಾಲು ಹಿಡೀತೀನಿ."

"ಹಿಡಿ. ಕ್ಷಮಿಸಿ ಒಳಗೆ ಕರೀತಾರೆ. ಕರೆದ ಗಳಿಗೆಗೆ ಮತ್ತೆ ಹಿರಿಮಗ ಆಗ್ತೀಯ."

ಎಶುನ್ ನೀಲಿ ನೊರೆಯನ್ನು ನೋಡುತ್ತ ನಿಂತ. ಸೂತ್ರ ಓದಿದವನು, ನಾಲಿಗೆಯಲ್ಲಿ ಬುದ್ಧನನ್ನೂ ಮಾರನನ್ನೂ ಒಟ್ಟಿಗೆ ಕುಣಿಸಿದವನು, ನಮ್ಮೂರಿನ ಯಾವ ಕೂಸಿಗೂ ಗೊತ್ತಿರುವ ಇಷ್ಟು ವಿಷಯ ಯೋಚಿಸಿರಲಿಲ್ಲ.

ಜಿಂಬೆ ಕೆಟ್ಟ ಮನುಷ್ಯನಲ್ಲ. ಅವರು ಆಮೇಲೆ ಮಾಡಿದ್ದನ್ನು ಕೇಳಿದರೆ ನಿಮಗೂ ತಿಳಿಯುತ್ತದೆ. ಆ ಹಿರಿಯರು ಮಣ್ಣಿನ ನೆಲದ ಮೇಲೆ ಮಂಡಿಯೂರಿ ಈ ಹುಡುಗನ ಮುಂದೆ ಹಣೆ ನೆಲಕ್ಕೆ ಮುಟ್ಟಿಸಿ ಬಾಗಿದರು.

"ಇದನ್ನ ಅವಳಿಗೆ ಹೇಳ್ಬೇಡಪ್ಪ. ಸಿನಿಮಾ ಹುಚ್ಚಿಗೆ ಹೋದ ಅಂತ ಊರು ಅಂತಿದೆ, ಹಾಗೇ ಇರ್ಲಿ. ಅವಳಿಗೋಸ್ಕರ ನೀನು ಇಷ್ಟು ಮಾಡ್ಕೊಂಡೆ ಅಂತ ಗೊತ್ತಾದ್ರೆ ಈ ಜನ್ಮದಲ್ಲಿ ಅವಳು ಇನ್ನೊಬ್ಬನ್ನ ಒಪ್ಪಲ್ಲ. ಆಮೇಲೆ ಈ ಮನೆ ನನ್ ಜೊತೆಗೇ ಮುಗೀತದೆ."

ಹಿರಿಯರು ಅಷ್ಟು ಬಾಗಿದ ಮೇಲೆ ಇಲ್ಲ ಅನ್ನುವ ಗಂಡು ನಮ್ಮ ಕಡೆ ಇನ್ನೂ ಹುಟ್ಟಿಲ್ಲ. ಎಶುನ್ ಮಾತು ಕೊಟ್ಟ. ಆ ಸಂಜೆಯೇ ಹೊಳೆಯ ದಂಡೆಯಲ್ಲಿ ನನಗೆ ಇಷ್ಟನ್ನೂ ಹೇಳಿ, ನನ್ನಿಂದಲೂ ಅದೇ ಮಾತು ತೆಗೆದುಕೊಂಡ. ಈ ಬಾಯಿಯಲ್ಲಿ ಗುಟ್ಟು ನಿಂತದ್ದು ಅದೊಂದೇ. ಅದಕ್ಕೋಸ್ಕರ ನನ್ನ ಹಲ್ಲುಗಳೆಲ್ಲ ಬೇಗ ಉದುರಿದವು ಎಂದು ವೈದ್ಯರು ಹೇಳಿದ್ದಾರೆ.

ಸ್ವಲ್ಪ ದಿನಕ್ಕೆ ಸೇತುವೆಯ ಮೇಲೆ ಇಸೊ ಎದುರಾದಳು. ನಾನು ಅವನ ಜೊತೆಗಿದ್ದೆ. ಅವಳು ಬಟ್ಟೆಯ ಗಂಟು ಕೆಳಗಿಡಲಿಲ್ಲ.

"ಸಿನಿಮಾ ಅಷ್ಟು ಚೆನ್ನಾಗಿರುತ್ತಾ?" ಅಂದಳು.

"ಚೆನ್ನಾಗಿರುತ್ತೆ."

"ಹಾಗಾದ್ರೆ ಸರಿ."

ಅಷ್ಟೇ. ಗಂಟನ್ನು ಇನ್ನೊಂದು ಹೆಗಲಿಗೆ ಬದಲಾಯಿಸಿ ಹೊರಟುಹೋದಳು.

ಇಸೊಗೆ ಮನೆಅಳಿಯ ಬಂದ. ತಮೊತ್ಸು ಅಂತ, ಪಕ್ಕದ ಕಣಿವೆಯ ರೈತರ ಮನೆಯ ಮೂರನೆಯ ಮಗ. ಕೆಟ್ಟವನಾಗಿದ್ದರೆ ನನಗೆ ಈ ಕಥೆ ಹೇಳುವುದು ಎಷ್ಟೋ ಸುಲಭವಾಗುತ್ತಿತ್ತು. ಚಿನ್ನದಂಥ ಮನುಷ್ಯ. ಮಾವನನ್ನು ಸ್ವಂತ ಅಪ್ಪನ ಹಾಗೆ ನೋಡಿಕೊಂಡ, ಬಾನಿಯನ್ನು ಮಾವನಿಗಿಂತ ಚೆನ್ನಾಗಿ ನೋಡಿಕೊಂಡ. ಒಂದೇ ಚಟ ಅವನಿಗೆ, ಸಿನಿಮಾ. ಕಮೆ-ಜಾದಲ್ಲಿ ಎಶುನ್‌ಗೆ ಬೆನ್ಶಿಯ ಕೆಲಸ ಸಿಕ್ಕಿ ಅವನ ಹೆಸರು ಸೀಮೆಗೆಲ್ಲ ಹಬ್ಬಿದಾಗ ಅವನ ಮೊದಲನೇ ನಂಬರಿನ ಅಭಿಮಾನಿ ಯಾರು? ಇದೇ ತಮೊತ್ಸು! ಮುಂದಿನ ಸಾಲಲ್ಲಿ ಕೂತು, ಇಡೀ ಊರು ಸೇರಿ ಅತ್ತಷ್ಟನ್ನು ಒಬ್ಬನೇ ಅಳುತ್ತಿದ್ದ. ಮೆಟ್ಟು ಇಸಿದುಕೊಳ್ಳಲು ಬಂದಾಗ ಬಿಲ್ಲೆ ಯಾವುದು ಬಾಗಿಲು ಯಾವುದು ಎಂದು ಅವನ ಕಣ್ಣಿಗೆ ಕಾಣುತ್ತಿರಲಿಲ್ಲ. ಎಷ್ಟೋ ಸಲ ಬೇರೆಯವರ ಮೆಟ್ಟು ಹಾಕಿಕೊಂಡು ಹೋಗಿದ್ದಾನೆ, ಒಮ್ಮೆ ಎರಡೂ ಎಡಗಾಲಿನದು.

"ಗೊಹೆ ಅಣ್ಣ, ಎಶುನ್ ಮೇಷ್ಟ್ರು ಇವತ್ತು ನನ್ನ ಕೊಂದೇಬಿಟ್ರು!" ಎಂದು ಮೂಗು ಒರೆಸಿಕೊಳ್ಳುವನು. "ನಮ್ಮನೆಯವಳನ್ನೂ ಕರ್ಕೊಂಡ್ ಬರ್ಬೇಕು ಅಂತೀನಿ. ಬಾನಿ ಬಿಟ್ಟು ಬರಲ್ಲ ಅಂತಾಳೆ."

ಅವಳು ಬರಲಿಲ್ಲ. ಬಣ್ಣದ ಮನೆಯ ಕೆಲಸದ ಹೆಂಗಸರು ಬಂದರು, ಅಕ್ಕಪಕ್ಕದವರು ಬಂದರು, ಗುಡಿಯ ದೊಡ್ಡ ಗುರುಗಳು ಕೂಡ ಒಂದು ಮಧ್ಯಾಹ್ನ ತಲೆಗೆ ಬಟ್ಟೆ ಸುತ್ತಿಕೊಂಡು ಕದ್ದು ಬಂದು ಹಿಂದೆ ಕೂತು ಹೋದರು. ಇಸೊ ಮಾತ್ರ ವರ್ಷಗಟ್ಟಲೆ ಆ ಬೀದಿಗೇ ಕಾಲಿಡಲಿಲ್ಲ. ದೀಪದ ಬುಡದಲ್ಲಿ ನಿಂತ ಎಶುನ್ ಪ್ರತಿ ಆಟಕ್ಕೂ ಬಾಯಿ ತೆರೆಯುವ ಮುಂಚೆ ಒಮ್ಮೆ ಜನರ ಕೈಗಳ ಮೇಲೆ ಕಣ್ಣಾಡಿಸುತ್ತಿದ್ದ. ಅವನು ಮದುವೆಯಾಗಲಿಲ್ಲ. ಯಾರಾದರೂ ಕೇಳಿದರೆ, "ಹೆಂಡ್ತಿ ಮಾತನ್ನೂ ನಾನೇ ಆಡ್ಬೇಕಾಗುತ್ತೆ ಅಂತ ಭಯ" ಅನ್ನುತ್ತಿದ್ದ. ನನ್ನೊಬ್ಬನಿಗೆ ಮಾತ್ರ ಒಂದು ದಿನ ಅಂದ: "ಅವಳು ಸಿಗ್ಲಿಲ್ಲ ಅನ್ನೋದು ಹೋಗ್ಲಿ ಗೊಹೆ. ನಾನು ಅವಳನ್ನ ಬಿಟ್ಟು ಹೋದವನು ಅಂತ ಅವಳು ನಂಬ್ಕೊಂಡೇ ಮುದುಕಿ ಆಗ್ತಾಳಲ್ಲ, ಅದೊಂದು ಗಂಟಲಲ್ಲಿ ಕೂತಿದೆ."

ಜಿಂಬೆ ತೀರಿಕೊಂಡರು. ಮಾತು ತೀರಲಿಲ್ಲ, ನಮ್ಮಲ್ಲಿ ಸತ್ತವರಿಗೆ ಕೊಟ್ಟ ಮಾತು ಇನ್ನೂ ಭಾರ.

ಆಮೇಲೆ ಮಾತಾಡುವ ಚಿತ್ರಗಳ ಸುದ್ದಿ ಬಂತು. ಒಸಾಕಾದಲ್ಲಿ ಬೆನ್ಶಿಗಳೆಲ್ಲ ಬೀದಿಗೆ ಬಿದ್ದರಂತೆ ಅಂದರು. ಕಮೆ ಅಂದರೆ ಆಮೆ, ಅದು ನಮ್ಮ ಚಿತ್ರಮಂದಿರದ ಹೆಸರಿನಲ್ಲೇ ಇದೆ, ನಮ್ಮ ಮಾಲೀಕರೂ ಅದೇ ಜಾತಿ. ಬೇರೆ ಊರಿನವರೆಲ್ಲ ತರಿಸಿ ಆದ ಮೇಲೆ ಕೊನೆಗೆ ಅವರೂ ಯಂತ್ರ ತರಿಸುವುದೆಂದು ನಿಶ್ಚಯಿಸಿದರು. "ಈ ಮೂಕಿ ಒಂದು ಮುಗೀಲಿ ಎಶುನ್," ಅಂದರು. ಆ ಕೊನೆಯ ಮೂಕಿಯ ಹೆಸರು 'ದಾಟದ ಸೇತುವೆ'.

ಕಥೆ ಏನು? ಒಂದು ಛತ್ರದ ಮನೆಯ ಒಬ್ಬಳೇ ಮಗಳು, ಒಬ್ಬ ದೋಣಿಯವನ ಹಿರಿಮಗ. ನಾನು ಬಾಗಿಲ ಸಂದಿಯಿಂದ ನೋಡಿ, "ಇದೇನೋ, ನಿನ್ನ ಮನೆಗೆ ಬಂದು ಕದ್ದಿದಾರೆ!" ಅಂದೆ. ಕೊನೆಯಲ್ಲಿ ಹುಡುಗ ಹಿಮ ಬೀಳುತ್ತಿರುವಾಗ ಊರು ಬಿಟ್ಟು ಹೋಗುತ್ತಾನೆ. ತೆರೆಯ ಮೇಲೆ ಬರುವ ಬರಹ ಇಷ್ಟೇ: "ಒಸಾಕಾದ ದೀಪಗಳು ಅವನನ್ನು ಕರೆದವು." ಆದರೆ ಆಮೇಲೆ ತೆರೆ ತುಂಬ ಆ ನಟನ ಮುಖ ಬರುತ್ತದೆ, ಟೋಪಿಯ ಅಂಚಿನ ಕೆಳಗೆ ಕಣ್ಣಿಂದ ದಳದಳನೆ ನೀರು. ದೀಪ ನೋಡಲು ಹೊರಟವನು ಹಾಗೆ ಅಳುತ್ತಾನೆಯೇ?

ಎಶುನ್ ಆ ಬರಹವನ್ನು ಬದಿಗಿಟ್ಟ. ಆ ಮುಖಕ್ಕೆ ತನ್ನ ಮಾತು ಕೊಟ್ಟ. ಅವಳ ಮನೆಗೆ ಹೋಗಬೇಕೆಂದು ನನ್ನ ಮನೆಯಿಂದ ನಾನೇ ಹೊರಗೆ ಹಾಕಿಸಿಕೊಂಡೆ. ಎಸೆದದ್ದನ್ನು ಯಾರೂ ಎತ್ತಿಕೊಳ್ಳುವುದಿಲ್ಲವೆಂದು ಆಮೇಲೆ ತಿಳಿಯಿತು. ಹೇಳಬೇಡವೆಂದರು, ಹೇಳದೆ ಹೋಗುತ್ತಿದ್ದೇನೆ, ಎಂದ. ಮೊದಲ ದಿನ ಅದನ್ನು ಕೇಳಿದ ಸಭೆ ಅತ್ತ ಅಳುವಿಗೆ ಹೊಳೆ ಒಂದು ಗೇಣು ಏರಿ, ಕೆಳಗಿನ ಊರಿನವರು ಪ್ರವಾಹವೆಂದು ಮನೆ ಖಾಲಿ ಮಾಡಿದರು.

ನಾನು ಸೀದಾ ಪರದೆಯ ಹಿಂದೆ ಹೋಗಿ ಅವನನ್ನು ಹಿಡಿದೆ. "ಮಾತು ಕೊಟ್ಟಿದ್ದೆ ಕಣೋ!"

"ಅವಳಿಗೆ ಹೇಳಲ್ಲ ಅಂತ ಕೊಟ್ಟಿದ್ದೆ. ನಾನು ಹೇಳಿದ್ದು ತೆರೆಗೆ."

"ಮುಂದಿನ ಸಾಲಲ್ಲಿ ತಮೊತ್ಸು ಕೂತಿದ್ದ."

"ಅವನು ಅಳೋದ್ರಲ್ಲಿದ್ದ," ಎಂದು ಬೀಸಣಿಗೆ ಮಡಚಿದ. ಆದರೆ ಅವನ ಮುಖದಲ್ಲಿ ಏನೋ ಇತ್ತು. ತಮೊತ್ಸು ಮನೆಗೆ ಹೋದರೆ ಬಾಯಿ ಮುಚ್ಚಿ ಕೂರುವವನಲ್ಲ ಎಂದು ಅವನಿಗೂ ಗೊತ್ತಿತ್ತು, ನನಗೂ ಗೊತ್ತಿತ್ತು.

ಆಗಿದ್ದೂ ಅದೇ. ಬಾನಿ ಕಲಕುತ್ತ ಕಲಕುತ್ತ ತಮೊತ್ಸು ಇಡೀ ಕಥೆಯನ್ನು ಎಶುನ್‌ನ ದನಿಯಲ್ಲೇ ಹೆಂಡತಿಗೆ ಒಪ್ಪಿಸಿದನಂತೆ. "ಪಾಪ ಕಣೇ, ಮನೆಅಳಿಯ ಆಗೋಕೆ ಅಂತ ಮನೆಯಿಂದ ಓಡಿಸ್ಕೊಂಡ! ಎಂಥ ದಡ್ಡ!" ಎಂದು ಅತ್ತನಂತೆ. ಇದನ್ನು ಅವರ ಕೆಲಸದ ಹೆಂಗಸು ನನಗೆ ಹೇಳಿದಳು. ಇಸೊಳ ಕೈಯಲ್ಲಿದ್ದ ಬಟ್ಟೆ ಬಾನಿಯಲ್ಲಿ ಇರಬೇಕಾದ್ದಕ್ಕಿಂತ ಜಾಸ್ತಿ ಹೊತ್ತು ಮುಳುಗಿ, ತಿಳಿನೀಲಿಯಾಗಬೇಕಾದ್ದು ಕಡುಗಪ್ಪಾಯಿತಂತೆ. ಆಮೇಲೆ, "ಕೊನೇ ದಿನ ನಾನೂ ಬರ್ತೀನಿ," ಅಂದಳಂತೆ.

ಕೊನೆಯ ದಿನ ಮಧ್ಯಾಹ್ನದ ಆಟ. ನಾನು ಮೆಟ್ಟು ಇಸಿದುಕೊಳ್ಳುತ್ತಿದ್ದೇನೆ, ತಲೆ ಬಗ್ಗಿಸಿದ್ದೇನೆ. ನೀಲಿ ಬೆರಳುಗಳು ಮೂರು ಜೊತೆ ಮೆಟ್ಟು ಚಾಚಿದವು. ಗಂಡನದು, ಮಗಳದು, ತನ್ನದು. ತಲೆ ಎತ್ತಿದೆ. ಇಸೊ ಹಬ್ಬದ ಕಿಮೊನೊ ಉಟ್ಟಿದ್ದಳು. ಕಿವಿಯ ಮೇಲೆ ಒಂದೆರಡು ಬಿಳಿಗೂದಲು.

"ಚೆನ್ನಾಗಿದೀರಾ ಗೊಹೆ ಅಣ್ಣ?"

"ಮೆಟ್ಟಿನ ವಾಸನೆ ಕುಡ್ಕೊಂಡು ದಿವಿನಾಗಿದೀನಿ ಒಡತಿ," ಅಂದೆ. ನನ್ನ ದನಿ ನನಗೇ ಬೇರೆಯವರದೆನಿಸಿತು.

ಅವರು ಒಳಗೆ ಹೋಗಿ ಮುಂದಿನ ಸಾಲಲ್ಲಿ ಕೂತರು. ನಡುವೆ ಮಗಳು, ಆಚೀಚೆ ಗಂಡ ಹೆಂಡತಿ. ಸಭೆಯಲ್ಲಿ ಗುಸುಗುಸು ಎದ್ದಿತು. ಹಳಬರಿಗೆಲ್ಲ ಎಶುನ್‌ನ ಅಂಗಿ ತೋಳಿನ ಮೇಲಿನ ಆ ನೀಲಿ ಗುರುತು ನೆನಪಿತ್ತು, ಹೊರಗಿಂದ ಬಂದ ತಮೊತ್ಸುವಿಗೆ ಮಾತ್ರ ಅದು ಗೊತ್ತಿರಲಿಲ್ಲ. ಮೀನಂಗಡಿಯ ಹೆಂಗಸರು ತೆರೆಯ ಕಡೆಗಲ್ಲ, ಇಸೊಳ ಕೆನ್ನೆಯ ಕಡೆಗೇ ತಿರುಗಿ ಕೂತರು. ಅವಳ ಕಣ್ಣಿಂದ ಒಂದು ಹನಿ ಬಿದ್ದಿದ್ದರೆ ಸಂಜೆಯೊಳಗೆ ಆ ಹನಿ ಮಿನೊಸೆಯ ಮನೆಮನೆಯನ್ನೂ ಸುತ್ತಿ ಬಂದು, ಬಣ್ಣದ ಮನೆಯ ಬಾಗಿಲು ತಟ್ಟಿ ತಮೊತ್ಸುವನ್ನು ಕೂಗುತ್ತಿತ್ತು.

ಎಶುನ್ ಬಂದು ದೀಪದ ಬುಡದಲ್ಲಿ ನಿಂತ. ಎಂದಿನಂತೆ ಕೈಗಳ ಮೇಲೆ ಕಣ್ಣಾಡಿಸಿದ. ಕಂಡ. ನಾನು ಬಾಗಿಲಲ್ಲಿ ನಿಂತು ನೋಡುತ್ತಿದ್ದೆ. ಇಷ್ಟು ವರ್ಷ ಕಾದದ್ದು ಈ ಮಧ್ಯಾಹ್ನಕ್ಕೇ. ಅವನು ನಿನ್ನೆ ಹೇಳಿದ್ದನ್ನೇ ಇಂದೂ ಹೇಳಿದರೆ ಸಾಕು.

ಚಿತ್ರ ಓಡಿತು. ಮೊದಮೊದಲು ಎಲ್ಲ ಎಂದಿನಂತೆಯೇ. ಹುಡುಗಿ ನಕ್ಕಳು, ಅಪ್ಪ ಗದರಿದ, ದೋಣಿ ತೇಲಿತು. ಕೊನೆಗೆ ಹಿಮ ಬಿತ್ತು. ತೆರೆ ತುಂಬ ಆ ಮುಖ ಬಂತು, ನೀರು ಸುರಿಸುತ್ತ. ತೆರೆಯ ಪಕ್ಕ ಮೂರು ತಂತಿಯ ವಾದ್ಯ ನುಡಿಸುವ ಮುದುಕಿ ತಂತಿಯ ಮೇಲೆ ಬೆರಳಿಟ್ಟು ಕಾದಳು. ತಮೊತ್ಸು ಆಗಲೇ ಕರವಸ್ತ್ರ ಬಿಚ್ಚಿ, ತನ್ನದು ಸಾಲದೆಂದು ಹೆಂಡತಿಗೂ ಒಂದು ಕೊಟ್ಟ. ಎಶುನ್ ಅದನ್ನು ನೋಡಿದ. ಆ ಮನುಷ್ಯ, ಚಿತ್ರದ ಕಥೆ ಗೊತ್ತಿದ್ದೂ ಅಳಲು ಸಿದ್ಧನಾಗಿ, ಹೆಂಡತಿಯ ಕೈಗೆ ಕರವಸ್ತ್ರ ಕೊಟ್ಟು ತಾಳು ಈಗ ಬರುತ್ತೆ ಎಂದು ಸನ್ನೆ ಮಾಡಿದ್ದನ್ನು.

ಆಮೇಲೆ ಬಾಯಿ ತೆರೆದ.

"ಆಹಾ, ಒಸಾಕಾ! ಈ ಹಾಳೂರು, ಈ ಮೀನು ವಾಸನೆ, ಈ ಹುಡುಗಿ, ಎಲ್ಲ ಸಾಕಾಗಿತ್ತು ನಂಗೆ. ಅಲ್ಲಿ ದೀಪ ಇದೆ, ಕುಣಿತ ಇದೆ. ಯಾರಿಗೆ ಬೇಕು ಈ ಸೇತುವೆ? ಹೋಗಿ ಬರ್ತೀನಿ ಅಂತ ಹೇಳೋಕೂ ನಂಗೆ ಪುರುಸೊತ್ತಿಲ್ಲ!" ಅಂದು ದೊಡ್ಡದಾಗಿ ನಕ್ಕ.

ವಾದ್ಯದ ಮುದುಕಿ ಎಂದೂ ತಪ್ಪದವಳು ತಂತಿ ತಪ್ಪಿದಳು. ಆಮೇಲೆ ಸಭೆ ಎದ್ದು ನಿಂತಿತು.

"ಏಯ್, ನಿನ್ನೆ ಹೀಗಿರ್ಲಿಲ್ಲ!"

"ಥೂ ಪಾಪಿ! ಹೋಗು ಒಸಾಕಾಕ್ಕೆ!"

"ಮೇಷ್ಟ್ರೇ!" ತಮೊತ್ಸು ಒಣ ಕರವಸ್ತ್ರ ಆಡಿಸುತ್ತ ಕೂಗಿದ, "ಅವನು ಅಳ್ತಿದಾನೆ ನೋಡಿ ಮೇಷ್ಟ್ರೇ! ತೆರೆ ನೋಡಿ ಹೇಳಿ!"

"ಹಿಮ ಕಣ್ಣಿಗೆ ಬಿದ್ದಿದೆ," ಅಂದ ಎಶುನ್ ತಣ್ಣಗೆ. "ಬೇರೇನಿಲ್ಲ."

ಕೂರುವ ದಿಂಬುಗಳು ಹಾರಿದವು. ಒಂದು ಅವನ ಹಣೆಗೆ ಬಡಿಯಿತು, ಇನ್ನೊಂದು ದೀಪ ಉರುಳಿಸಿತು. ಅಷ್ಟೂ ಜನ ಕೋಪದಲ್ಲಿ ಕೆಂಪಾಗಿ ಹೊರಗೆ ಬಂದರು. ನಾನು ಒಂದೊಂದೇ ಮುಖ ನೋಡಿದೆ. ಪೊಲೀಸಿನವನ ಮೀಸೆ ಸಹ ಬಂದಾಗ ಹೇಗಿತ್ತೋ ಹಾಗೇ ಮೇಲಕ್ಕಿತ್ತು. ಒಂದೇ ಒಂದು ಕಣ್ಣು ಒದ್ದೆಯಾಗಿರಲಿಲ್ಲ. ನಾನು ಆಗಲೇ ಎದೆ ತಟ್ಟಿ ಹೇಳಿದ ಮಾತು ಅಲ್ಲಿಗೆ ಬಿದ್ದುಹೋಯಿತು. ಹೀಗೆ ಬೀಳುತ್ತದೆಂದು ಗೊತ್ತಿದ್ದೂ ಹೇಳಿದೆ, ಹೇಳುವಾಗ ಚೆನ್ನಾಗಿರುತ್ತದೆ.

ತಮೊತ್ಸು ಮಗಳನ್ನು ಹೆಗಲಿಗೇರಿಸಿಕೊಂಡು ಬೀದಿಯಲ್ಲಿ ನಿಂತು ಯಾರೊಂದಿಗೋ ಎಶುನ್‌ನನ್ನು ಬೈಯುತ್ತಿದ್ದ. ಇಸೊ ಬಿಲ್ಲೆಗಳನ್ನು ನನ್ನ ಮುಂದಿಟ್ಟಳು. ಅವಳ ಕಣ್ಣೂ ಒಣಗಿತ್ತು. ನಾನು ಕೊಟ್ಟ ಮೆಟ್ಟಿನೊಳಗೆ ಕಾಲು ತೂರಿಸುತ್ತ, ನನ್ನ ಕಡೆ ನೋಡದೆ, ಮೆಲ್ಲಗೆ ಕೇಳಿದಳು:

"ನಿನ್ನೆವರೆಗೂ ಬೇರೆ ಥರ ಹೇಳ್ತಿದ್ರಂತೆ. ಇವತ್ತು ಯಾಕೆ ಬದಲಾಯ್ಸಿದ್ರು ಗೊಹೆ ಅಣ್ಣ? ಇವತ್ತು ಹೊಸಬರು ಯಾರೂ ಬಂದಿರ್ಲಿಲ್ಲ, ನನ್ನ ಬಿಟ್ರೆ."

ನನ್ನ ನಾಲಿಗೆಯ ತುದಿಗೆ ಬಂತು. ಮಾತು ಕೊಟ್ಟಿದ್ದೆ. "ವಯಸ್ಸಾಯ್ತಲ್ಲ ಒಡತಿ, ಮರೆವು," ಅಂದೆ.

"ಹೌದು. ಮರೆವು," ಅಂದಳು. ಮಡಿಕೆಯನ್ನೇ ಬಿಚ್ಚದ ಕರವಸ್ತ್ರವನ್ನು ಸೊಂಟದ ಪಟ್ಟಿಗೆ ಸಿಕ್ಕಿಸಿಕೊಂಡು, ಹೋಗಿ ಗಂಡನ ಪಕ್ಕದಲ್ಲಿ ನಡೆದಳು.

ಈ ಪ್ರಶ್ನೆಯನ್ನು ನಾನು ಎಶುನ್‌ಗೆ ಹೇಳಲಿಲ್ಲ. ಹೇಳಿದರೆ ಅವನು ಪಟ್ಟ ಪಾಡೆಲ್ಲ ನೀರಲ್ಲಿ ಹೋಯಿತೆಂದು ಕೊರಗುತ್ತಾನೆ ಅಂದುಕೊಂಡೆ.

ಕಮೆ-ಜಾಕ್ಕೆ ಯಂತ್ರ ಬಂತು, ತೆರೆಗೆ ನಾಲಿಗೆ ಬಂತು. ಎಶುನ್ ಗಾಡಿಯ ಮೇಲೆ ಒಲೆ ಕಟ್ಟಿಕೊಂಡು ಸುಟ್ಟ ಗೆಣಸು ಮಾರಲು ನಿಂತ. "ಗೆಣಸೋ, ಬಿಸಿ ಗೆಣಸೋ" ಎಂದು ಅವನು ಕೂಗಿದರೆ ಮಹಡಿಯ ಮೇಲಿನ ಹೆಂಗಸರಿಗೆ ತವರು ನೆನಪಾಗಿ ಕಣ್ಣೊರೆಸಿಕೊಂಡು ಕೆಳಗಿಳಿಯುತ್ತಿದ್ದರು. ಗೆಣಸಿಗೆ ಬೇರೆ ಉಪ್ಪು ಹಾಕುವುದೇ ಬೇಕಿರಲಿಲ್ಲ. ಊರಿನ ಎಲ್ಲ ಬೀದಿಗೂ ಹೋಗುತ್ತಿದ್ದ, ಸೇತುವೆಯಾಚೆಯ ಬಣ್ಣದವರ ಬೀದಿಯೊಂದನ್ನು ಬಿಟ್ಟು. ತಮೊತ್ಸು ಅಷ್ಟು ದೂರದಿಂದ ನಡೆದು ಬಂದು ಕೊಳ್ಳುತ್ತಿದ್ದ. "ಆ ಒಂದಿನ ಬಿಟ್ರೆ ನಿಮ್ಮಂಥವರು ಹು‍ಟ್ಟಲ್ಲ ಮೇಷ್ಟ್ರೇ," ಎಂದು ಪ್ರತಿ ಸಲವೂ ಹೇಳಿ ಹೋಗುತ್ತಿದ್ದ.

ಕೆಲವು ಚಳಿಗಾಲ ಕಳೆದವು. ಇಸೊಗೆ ಎದೆಯ ಕಾಯಿಲೆ ಬಂತು. ನೀರಲ್ಲಿ ನಿಂತು ನಿಂತು ಆ ಕಸುಬಿನವರಿಗೆ ಬರುವುದೇ. ಪ್ಲಮ್ ಹೂ ಬಿಡುವ ಮುಂಚೆ ಹೋಗಿಬಿಟ್ಟಳು. ಸೂತ್ರ ಹೇಳಲು ಗುಡಿಯಿಂದ ಎಶುನ್‌ನ ತಮ್ಮ ಬಂದ. ಪಾಪ, ಅವನ ದನಿ ಹರಿದ ಛತ್ರಿಯ ಹಾಗೆ. ಎಶುನ್ ಆವತ್ತು ಮೊದಲ ಸಲ ಗಾಡಿ ತಳ್ಳಿಕೊಂಡು ಸೇತುವೆ ದಾಟಿದ. ಬಣ್ಣದ ಮನೆಯ ಬೇಲಿಯಾಚೆ ನಿಂತ. ಕೂಗಲಿಲ್ಲ. ಮೆರವಣಿಗೆ ಹೊರಟು, ಸುಟ್ಟು, ಎಲ್ಲರೂ ವಾಪಸಾದರು. ತಮೊತ್ಸು ಬಿಳಿ ಬಟ್ಟೆಯಲ್ಲೇ ನೇರವಾಗಿ ಬಾನಿಯ ಕೋಣೆಗೆ ಹೋಗಿ ಕೋಲು ಹಿಡಿದು ಕಲಕತೊಡಗಿದ. ಅಳುವ ಮನುಷ್ಯ ಅಂದು ಅಳದೆ ಕಲಕಿದ. ಹೊರಗೆ ಆ ಕೋಲಿನ ಸದ್ದು ಕೇಳುತ್ತಿತ್ತು.

ನನಗೆ ತಡೆಯಲಾಗಲಿಲ್ಲ. ಗಾಡಿಯ ಒಲೆಗೆ ಕೈ ಕಾಯಿಸಿಕೊಳ್ಳುತ್ತ, ಅವಳು ಮೆಟ್ಟು ತೊಡುವಾಗ ಕೇಳಿದ ಪ್ರಶ್ನೆಯನ್ನೂ ಒಣಗಣ್ಣಲ್ಲೇ ಗಂಡನ ಪಕ್ಕ ನಡೆದು ಹೋದದ್ದನ್ನೂ ಅವನಿಗೆ ಹೇಳಿಬಿಟ್ಟೆ. ಹೇಳಿದ ಮೇಲೆ ಸಿಟ್ಟೂ ಬಂತು, ಸಂಕಟವೂ ಬಂತು.

"ಅವಳಿಗೆ ಗೊತ್ತಿತ್ತು ಕಣೋ! ಇಡೀ ಊರಿನ ಹತ್ರ ಉಗಿಸ್ಕೊಂಡು ಸುಳ್ಳು ಹೇಳ್ದೆಯಲ್ಲ, ಕೇಳ್ಬೇಕಾದ ಒಬ್ಬಳು ನಂಬ್ಲೇ ಇಲ್ಲ. ಇಂಥ ಕೆಟ್ಟ ಬೆನ್ಶಿನ ನಾನು ಈ ಜನ್ಮದಲ್ಲಿ ನೋಡಿಲ್ಲ. ಸೋತೆ ನೀನು!"

ಎಶುನ್ ಇಕ್ಕಳದಿಂದ ಒಂದು ಗೆಣಸನ್ನು ಮಗುಚಿದ. ಇನ್ನೊಂದನ್ನು ಮಗುಚಿದ. ಕೆನ್ನೆಯ ಮೇಲಿನ ನೀರನ್ನು ಒರೆಸಿಕೊಳ್ಳುವ ಗೋಜಿಗೆ ಹೋಗದೆ ನನ್ನ ಕಡೆ ತಿರುಗಿ ಅಂದ:

"ಬಾಗ್ಲಲ್ಲಿ ಕೂತು ಜನರ ಕಾಲು ನೋಡ್ತಾ ಮುದುಕನಾದೆ, ನಿಂಗೇನು ಗೊತ್ತಾಗುತ್ತೆ ಗೊಹೆ? ಎಲ್ಲಾ ಗೊತ್ತಿದ್ದೂ ಒಂದು ಹನಿ ಬೀಳಿಸದೆ ಗಂಡನ ಪಕ್ಕ ನಡ್ಕೊಂಡು ಮನೆಗೆ ಹೋದ್ಲು ಅಂತ ಈಗ ತಾನೇ ನೀನೇ ಹೇಳ್ದೆ. ನಾನು ಬರೀ ಮಾತಾಡ್ದೆ ಕಣೋ. ಆವತ್ತಿನ ಆಟ ಆಡಿದ್ದು ಅವಳು."